ಬಾ ಒಪ್ಪದ ಮಾತುಗಳು



1913ರ ಮಾರ್ಚ್ 14ರಂದು ದಕ್ಷಿಣ ಆಫ್ರಿಕಾದ ಕೇಪ್ ಪ್ರಾಂತ್ಯದ ಸುಪ್ರೀಂ ಕೋರ್ಟಿನಲ್ಲಿ ಸರ್ಲ್ ಎಂಬ ನ್ಯಾಯಮೂರ್ತಿ ಒಂದು ತೀರ್ಪು ಕೊಟ್ಟರು. ಕ್ರೈಸ್ತ ವಿಧಿಯಲ್ಲಿ ನಡೆಯದ, ಸರ್ಕಾರಿ ದಾಖಲೆಯಲ್ಲಿ ನೋಂದಣಿಯಾಗದ ಮದುವೆಗೆ ಅಲ್ಲಿ ಮಾನ್ಯತೆಯಿಲ್ಲ ಎಂಬುದು ಅದರ ತಾತ್ಪರ್ಯ. ದುಡಿಯಲು, ವ್ಯಾಪಾರ ಮಾಡಲು ಹೋಗಿ ಅಲ್ಲಿ ನೆಲೆಸಿದ್ದ ಹಿಂದೂ, ಮುಸಲ್ಮಾನ, ಪಾರ್ಸಿ ಸಂಸಾರಗಳೆಲ್ಲ ಬೆಳಗಾಗುವುದರೊಳಗೆ ಕಾನೂನಿನ ಹೊರಗೆ ನಿಂತವು. ಡರ್ಬನ್ ಪಟ್ಟಣದ ಹತ್ತಿರ ಫೀನಿಕ್ಸ್ ಎಂಬ ಆಶ್ರಮದಲ್ಲಿ ಒಬ್ಬ ತಾಯಿ ಇದ್ದರು. ವಯಸ್ಸು ನಲವತ್ನಾಲ್ಕರ ಹತ್ತಿರ, ನಾಲ್ಕು ಗಂಡುಮಕ್ಕಳು, ಮದುವೆಯಾಗಿ ಮೂವತ್ತು ವರ್ಷ. ಆ ತೀರ್ಪಿನ ಪ್ರಕಾರ ಅವರೂ ತಮ್ಮ ಗಂಡನಿಗೆ ಹೆಂಡತಿಯಲ್ಲ. ಅವರು ಕಸ್ತೂರಬಾ ಗಾಂಧಿ. ಆಶ್ರಮದವರು ತಾಯಿಯನ್ನು ಕರೆಯುವ ಹಾಗೆ ಅವರನ್ನು ‘ಬಾ’ ಎಂದು ಕರೆಯುತ್ತಿದ್ದರು. ನಾನೂ ಹಾಗೆಯೇ ಕರೆಯುತ್ತೇನೆ.

ಇವತ್ತು ನಾನು ಮಾತಾಡಬೇಕೆಂದಿರುವುದು ಗಾಂಧಿಯವರ ರಾಜಕೀಯದ ಬಗ್ಗೆ ಅಲ್ಲ, ಅವರ ಸಂಸಾರದ ಬಗ್ಗೆ. ಅರವತ್ತು ವರ್ಷಕ್ಕೂ ಹೆಚ್ಚು ಕಾಲ ನಡೆದ ಸಂಸಾರ ಅದು. ಕುಟುಂಬ ಸಲಹೆಯ ಕೆಲಸದಲ್ಲಿ ಬಹಳ ಕಾಲದಿಂದ ಇರುವವಳು ನಾನು. ನಮ್ಮಲ್ಲಿಗೆ ಬರುವವರಲ್ಲಿ ಹೊಸದಾಗಿ ಮದುವೆಯಾದವರೇ ಹೆಚ್ಚು ಎಂದು ಜನ ತಿಳಿದಿರುತ್ತಾರೆ. ಮೂವತ್ತು, ಮೂವತ್ತೈದು ವರ್ಷ ಜೊತೆಗಿದ್ದು, ಮಕ್ಕಳ ಮದುವೆಯನ್ನೂ ಮುಗಿಸಿ ಬರುವವರು ಕಡಿಮೆಯೇನಿಲ್ಲ. ಅವರ ಜಗಳ ಬೇರೆ ಥರದ್ದು. ಅದರಲ್ಲಿ ಕೂಗಾಟ ಕಡಿಮೆ, ಹಳೆಯ ಲೆಕ್ಕ ಜಾಸ್ತಿ. ಅವರ ಮಾತು ಕೇಳುವಾಗ ನನಗೆ ಎಷ್ಟೋ ಸಲ ಬಾ ನೆನಪಾಗುತ್ತಾರೆ.

ಒಂದು ಉದಾಹರಣೆ ಹೇಳುತ್ತೇನೆ, ಹೆಸರು ಊರು ಬೇಡ. ಗಂಡ ಬ್ಯಾಂಕಿನಿಂದ ನಿವೃತ್ತರಾದವರು. ಒಳ್ಳೆಯವರು, ದುಶ್ಚಟವಿಲ್ಲ. ಹುಟ್ಟೂರಿಗೆ ಹೋಗಿ ಸಹಜ ಕೃಷಿ ಮಾಡಬೇಕೆಂದು ತೀರ್ಮಾನಿಸಿದ್ದರು. ಬೋರ್‌ವೆಲ್ ಕೊರೆಸಿಯೂ ಆಗಿತ್ತು, ಇಲ್ಲಿಯ ಮನೆಯನ್ನು ಬಾಡಿಗೆಗೆ ಕೊಡಲು ಅಡ್ವಾನ್ಸೂ ತೆಗೆದುಕೊಂಡಿದ್ದರು. ಹೆಂಡತಿ ಸೆರಗಿನ ತುದಿಯನ್ನು ಬೆರಳಿಗೆ ಸುತ್ತಿಕೊಳ್ಳುತ್ತ, ಬಿಚ್ಚುತ್ತ ಕೂತಿದ್ದರು. "ಇವರ ಟ್ರಾನ್ಸ್‌ಫರ್ ಹಿಂದೆ ಎಂಟು ಊರು ಸುತ್ತಿದೀನಿ ಮೇಡಂ. ಒಂದೊಂದು ಊರಲ್ಲೂ ಹಾಲಿನವನಿಂದ ಹಿಡಿದು ಎಲ್ಲಾ ಹೊಸದಾಗಿ ಮಾಡ್ಕೋಬೇಕು. ಈಗ ಇಲ್ಲಿ ನನ್ನದು ಅಂತ ಒಂದು ಭಜನಾ ಮಂಡಳಿ ಇದೆ, ಮಂಡಿನೋವಿಗೆ ಹೋಗೋ ಡಾಕ್ಟ್ರು ಇದಾರೆ. ಹೋಗೋಣ್ವಾ ಅಂತ ಒಂದು ಮಾತು ಕೇಳ್ಬಾರ್ದಿತ್ತಾ?" ಗಂಡನಿಗೆ ನಿಜವಾಗಿಯೂ ಆಶ್ಚರ್ಯ. "ಅವಳು ಯಾವತ್ತೂ ಬೇಡ ಅಂದಿದ್ದೇ ಇಲ್ಲವಲ್ಲ," ಎಂದರು.

ದೀರ್ಘ ದಾಂಪತ್ಯದ ಬಿಕ್ಕಟ್ಟು ಬಹುಮಟ್ಟಿಗೆ ಇಲ್ಲಿದೆ. ಇಬ್ಬರಲ್ಲಿ ಒಬ್ಬರು ಬದಲಾಗುತ್ತಾರೆ. ಹೊಸ ನಂಬಿಕೆ, ಹೊಸ ವ್ರತ, ಹೊಸ ಊರು, ಹೊಸ ಆಸೆ. ಬದಲಾದವರಿಗೆ ಅದು ತಾವೇ ಆರಿಸಿಕೊಂಡ ದಾರಿ. ಜೊತೆಗಿರುವವರಿಗೆ ಅದು ಮೇಲೆ ಬಂದು ಬಿದ್ದದ್ದು. ಬಾ ಅವರ ಇಡೀ ಬದುಕು ಹೀಗೆ ಮೇಲೆ ಬಂದು ಬಿದ್ದದ್ದನ್ನು ಎದುರಿಸಿದ ಬದುಕು. ಪ್ರಪಂಚದಲ್ಲಿ ಗಾಂಧಿಯವರಷ್ಟು ಸಲ ಬದಲಾದ ಗಂಡ ಇನ್ನೊಬ್ಬ ಇರಲಾರ.

ಇಬ್ಬರೂ ಹುಟ್ಟಿದ್ದು 1869ರಲ್ಲಿ, ಪೋರಬಂದರಿನಲ್ಲಿ. ಬಾ ಕೆಲವು ತಿಂಗಳು ಹಿರಿಯರು. ಹದಿಮೂರರ ಸುಮಾರಿಗೆ ಮದುವೆ. ಖರ್ಚು ಉಳಿಯಲೆಂದು ಹಿರಿಯರು ಅಣ್ಣನದೂ, ದಾಯಾದಿ ಅಣ್ಣನೊಬ್ಬನದೂ ಸೇರಿಸಿ ಮೂರು ಮದುವೆ ಒಟ್ಟಿಗೆ ಮಾಡಿದರು. ಮದುವೆಯಾದ ಹುಡುಗನಿಗೆ ತಕ್ಷಣ ಗಂಡನ ಅಧಿಕಾರ ಚಲಾಯಿಸುವ ಹುಚ್ಚು ಹತ್ತಿತು. ತನ್ನ ಅಪ್ಪಣೆಯಿಲ್ಲದೆ ಹೊರಗೆ ಹೋಗಕೂಡದು ಎಂದ. ಆ ಹುಡುಗಿ ಜಗಳವಾಡಲಿಲ್ಲ. ದೇವಸ್ಥಾನಕ್ಕೆ ಹೋಗಬೇಕೆನಿಸಿದಾಗ ಹೋದಳು, ಗೆಳತಿಯರ ಮನೆಗೆ ಹೋಗಬೇಕೆನಿಸಿದಾಗ ಹೋದಳು. ಅವನು ಕಟ್ಟು ಬಿಗಿ ಮಾಡಿದಷ್ಟೂ ಹೆಚ್ಚು ಹೋದಳು. ಎಷ್ಟೋ ದಿನ ಇಬ್ಬರಿಗೂ ಮಾತಿಲ್ಲ. ಇದನ್ನೆಲ್ಲ ಗಾಂಧಿಯವರೇ ಆತ್ಮಕಥೆಯಲ್ಲಿ ಬರೆದುಕೊಂಡಿದ್ದಾರೆ. ದೇವಸ್ಥಾನದ ಈ ವಿಷಯವನ್ನು ಸ್ವಲ್ಪ ನೆನಪಿನಲ್ಲಿಟ್ಟುಕೊಳ್ಳಿ.

1888ರಲ್ಲಿ ಗಾಂಧಿ ಇಂಗ್ಲೆಂಡಿಗೆ ಹೋದರು. ಹೋಗುವಾಗ ಖರ್ಚಿಗೆಂದು ಹೆಂಡತಿಯ ಒಡವೆಯ ಮೇಲೂ ಕಣ್ಣು ಹಾಕಿದ್ದರು. ಹಿಂದಿರುಗಿದ್ದು 1891ರಲ್ಲಿ. ಎರಡು ವರ್ಷಕ್ಕೆ ದಕ್ಷಿಣ ಆಫ್ರಿಕಾಕ್ಕೆ ಹೊರಟರು. 1896ರ ಕೊನೆಗೆ ಹೆಂಡತಿ ಮಕ್ಕಳನ್ನು ಕರೆದುಕೊಂಡು ಹಡಗು ಹತ್ತುವಾಗ ಇವರು ಹೇಗೆ ಕಾಣಿಸಬೇಕೆಂದು ಗಂಡ ನಿರ್ಧರಿಸಿದ. ಆಗ ನಾಗರಿಕರೆನಿಸಿಕೊಂಡವರು ಪಾರ್ಸಿಗಳು. ಬಾಗೆ ಪಾರ್ಸಿ ಶೈಲಿಯ ಸೀರೆ, ಮಕ್ಕಳಿಗೆ ಪಾರ್ಸಿ ಕೋಟು, ಪ್ಯಾಂಟು. ಎಲ್ಲರಿಗೂ ಬೂಟು, ಕಾಲುಚೀಲ. ಎಂದೂ ಬೂಟು ಹಾಕದ ಕಾಲು ಬಾತುಕೊಂಡಿತು, ಚೀಲ ಬೆವರಿ ನಾತ ಹೊಡೆಯಿತು. ಊಟಕ್ಕೆ ಚಾಕು, ಫೋರ್ಕು. ಬಾ ಅದನ್ನೆಲ್ಲ ಕಲಿತರು. ಮುಂದೆ ಗಾಂಧಿಯವರಿಗೆ ಆ ನಾಗರಿಕತೆ ಬೇಡವಾದಾಗ ಚಾಕು, ಫೋರ್ಕು ಎರಡೂ ಹೋದವು. ಕಲಿಯುವಾಗ ಬಾ ಅವರನ್ನು ಕೇಳಿರಲಿಲ್ಲ, ಬಿಡುವಾಗಲೂ ಕೇಳಲಿಲ್ಲ.

1898ರ ಘಟನೆ ಎಲ್ಲರಿಗೂ ಗೊತ್ತಿರುವಂಥದು. ಆದರೂ ಅದನ್ನು ನಿಧಾನವಾಗಿ ನೋಡಬೇಕು. ಡರ್ಬನ್ನಿನ ಮನೆ ಪಾಶ್ಚಾತ್ಯ ಮಾದರಿಯಲ್ಲಿ ಕಟ್ಟಿದ್ದು. ಕೋಣೆಗಳಿಗೆ ಬಚ್ಚಲ ತೂಬು ಇರಲಿಲ್ಲ, ಒಂದೊಂದು ಕೋಣೆಯಲ್ಲೂ ಮೂತ್ರದ ಪಾತ್ರೆ ಇಡುತ್ತಿದ್ದರು. ಗಾಂಧಿಯವರ ಗುಮಾಸ್ತರು ಮನೆಯವರ ಹಾಗೆಯೇ ಅಲ್ಲಿದ್ದರು. ಆ ಪಾತ್ರೆಗಳನ್ನು ಆಳಿನ ಕೈಲಿ ತೆಗೆಸದೆ ತಾವಿಬ್ಬರೇ ತೊಳೆಯಬೇಕೆಂಬುದು ಗಾಂಧಿಯವರ ನಿಯಮ. ಹೊಸದಾಗಿ ಬಂದ ಗುಮಾಸ್ತನೊಬ್ಬ ಅಸ್ಪೃಶ್ಯ ಕುಲದಲ್ಲಿ ಹುಟ್ಟಿದ ಕ್ರೈಸ್ತ. ಅವನ ಪಾತ್ರೆ ಮುಟ್ಟುವುದು ಬಾಗೆ ಆಗಲಿಲ್ಲ. ಗಂಡ ತೊಳೆಯುವುದನ್ನು ನೋಡುವುದೂ ಆಗಲಿಲ್ಲ. ಕೊನೆಗೆ ತಾವೇ ಹೊತ್ತರು. ಕಣ್ಣು ಕೆಂಪಾಗಿ, ಕೆನ್ನೆಯ ಮೇಲೆ ನೀರಿಳಿಯುತ್ತ, ಪಾತ್ರೆ ಹಿಡಿದು ಮೆಟ್ಟಿಲಿಳಿದರು.

ಗಾಂಧಿಯವರಿಗೆ ಅಷ್ಟು ಸಾಲಲಿಲ್ಲ. ನಗುನಗುತ್ತ ಮಾಡಬೇಕಿತ್ತು. ಗದರಿದರು. ನಿಮ್ಮ ಮನೆ ನಿಮಗಿರಲಿ, ನನ್ನನ್ನು ಕಳಿಸಿಬಿಡಿ ಎಂಬರ್ಥದಲ್ಲಿ ಬಾ ಉತ್ತರ ಕೊಟ್ಟರು. ಗಾಂಧಿ ಅವರ ಕೈ ಹಿಡಿದು ಗೇಟಿನವರೆಗೆ ಎಳೆದುಕೊಂಡು ಹೋಗಿ, ಹೊರಗೆ ನೂಕಲು ಗೇಟು ತೆರೆಯತೊಡಗಿದರು. ಆಗ ಬಾ ಅಳುತ್ತಲೇ ಕೇಳಿದ ಪ್ರಶ್ನೆಗಳನ್ನು ಗಾಂಧಿ ದಾಖಲಿಸಿದ್ದಾರೆ. ನಾಚಿಕೆಯಾಗುವುದಿಲ್ಲವೇ, ನಾನೆಲ್ಲಿಗೆ ಹೋಗಲಿ, ಈ ದೇಶದಲ್ಲಿ ನನಗೆ ಅಪ್ಪ ಅಮ್ಮ ಇದ್ದಾರೆಯೇ, ಬಂಧುಗಳಿದ್ದಾರೆಯೇ, ಗೇಟು ಮುಚ್ಚಿ, ಯಾರಾದರೂ ನೋಡಿಯಾರು ಎಂಬ ಧಾಟಿಯ ಮಾತು. ಗಾಂಧಿ ಗೇಟು ಮುಚ್ಚಿದರು.

ಇಲ್ಲಿ ಎರಡು ಸಂಗತಿಗಳನ್ನು ಬೇರೆ ಮಾಡಿಕೊಳ್ಳಬೇಕು. ಜಾತಿಯ ವಿಷಯದಲ್ಲಿ ಗಾಂಧಿ ಸರಿ, ಬಾ ತಪ್ಪು. ಅದರಲ್ಲಿ ಎರಡು ಮಾತಿಲ್ಲ. ಆದರೆ ಆ ಸರಿ ಎಂಬ ನಂಬಿಕೆಯೇ ಅವರ ಕೈಗೆ ಎಳೆದಾಡುವ ಬಲ ಕೊಟ್ಟಿತು. ತಪ್ಪು ಮಾಡುತ್ತಿದ್ದೇನೆಂದು ಗೊತ್ತಿರುವ ಗಂಡ ಎಲ್ಲೋ ಒಂದು ಕಡೆ ಅಳುಕುತ್ತಾನೆ. ತಾನು ಸತ್ಯದ ಪಕ್ಷದಲ್ಲಿದ್ದೇನೆ ಎಂದು ನಂಬಿದವನಿಗೆ ಅಳುಕು ಬರುವುದು ತಡ. ನಮ್ಮ ಕೇಂದ್ರದಲ್ಲಿ ನಾನು ಕಂಡ ಹಾಗೆ, ಅತಿ ಕಷ್ಟದ ಜಗಳಗಳು ಕುಡುಕರ ಮನೆಯವಲ್ಲ. ಶಿಸ್ತಿನವರ, ಆದರ್ಶದವರ ಮನೆಯವು. ಅಲ್ಲಿ ಹೆಂಡತಿಗೆ ದೂರಲು ಒಂದು ಹೆಸರೂ ಸಿಗುವುದಿಲ್ಲ. "ಅವರು ಒಳ್ಳೆಯವರೇ," ಎಂದು ಶುರುಮಾಡಿ ಅಲ್ಲಿಯೇ ನಿಲ್ಲುತ್ತಾರೆ.

ಇನ್ನೊಂದು. ಬಾ ಅವತ್ತು ಮನೆಯೊಳಗೆ ಉಳಿದದ್ದನ್ನು ಸಹನೆ ಎಂದು ಹೊಗಳುವುದನ್ನು ನಾನು ಒಪ್ಪುವುದಿಲ್ಲ. ಅವರೇ ಹೇಳಿದ್ದಾರಲ್ಲ, ಹೋಗಲು ಜಾಗವಿರಲಿಲ್ಲ. ದಿಕ್ಕಿಲ್ಲದೆ ಉಳಿಯುವುದು ಬೇರೆ, ಒಪ್ಪಿ ಉಳಿಯುವುದು ಬೇರೆ. ನಮ್ಮ ಕಾಲದಲ್ಲಿ 1984ರ ಕೌಟುಂಬಿಕ ನ್ಯಾಯಾಲಯಗಳ ಕಾಯ್ದೆ ಇದೆ, ಕೌಟುಂಬಿಕ ದೌರ್ಜನ್ಯದಿಂದ ಮಹಿಳೆಯರಿಗೆ ರಕ್ಷಣೆ ಕೊಡುವ 2005ರ ಕಾಯ್ದೆ ಇದೆ. ಹಂಚಿಕೊಂಡ ಮನೆಯಲ್ಲಿ ಇರುವ ಹಕ್ಕನ್ನು ಆ ಕಾಯ್ದೆ ಹೆಣ್ಣಿಗೆ ಕೊಟ್ಟಿದೆ, ಗೇಟು ತೆರೆದು ಹೊರಗೆ ನೂಕುವ ಹಾಗಿಲ್ಲ. ಬಾ ಸಹಿಸಿದರು, ನೀನೂ ಸಹಿಸು ಎಂದು ಇವತ್ತು ಯಾರಾದರೂ ಮಗಳಿಗೆ ಹೇಳಿದರೆ, ಅವರು ಬಾ ಅವರ ಮಾತನ್ನು ಕೇಳಿಸಿಕೊಂಡೇ ಇಲ್ಲ.

ಮೂರು ವರ್ಷದ ಮೇಲೆ, 1901ರಲ್ಲಿ, ಇನ್ನೊಂದು. ಭಾರತಕ್ಕೆ ಹೊರಟ ಗಾಂಧಿಯವರಿಗೆ ಅಲ್ಲಿಯ ಜನ ಬೆಳ್ಳಿ ಬಂಗಾರದ ಉಡುಗೊರೆ ಕೊಟ್ಟರು. ಅದರಲ್ಲಿ ಐವತ್ತು ಗಿನಿ ಬೆಲೆಯ ಚಿನ್ನದ ಹಾರವೊಂದು ಬಾ ಅವರಿಗೆಂದೇ ಬಂದದ್ದು. ಸಾರ್ವಜನಿಕ ಸೇವೆಗೆ ಸಂಬಳ ಸಲ್ಲದು ಎಂದು ಗಾಂಧಿ ರಾತ್ರಿಯೆಲ್ಲ ನಿದ್ದೆಗೆಟ್ಟರು. ಎಲ್ಲವನ್ನೂ ಸಮಾಜದ ಕೆಲಸಕ್ಕೆ ಒಂದು ಟ್ರಸ್ಟ್ ಮಾಡಿ ಕೊಡುವುದೆಂದು ತೀರ್ಮಾನಿಸಿದರು. ಹೆಂಡತಿ ಸುಲಭಕ್ಕೆ ಒಪ್ಪುವುದಿಲ್ಲ ಎಂದು ಗೊತ್ತಿತ್ತು. ಅದಕ್ಕೆ ಮೊದಲು ಮಕ್ಕಳನ್ನು ಒಲಿಸಿ, ಅವರನ್ನು ತಮ್ಮ ಪರ ವಕೀಲರನ್ನಾಗಿ ಮಾಡಿಕೊಂಡರು. ನನಗೆ ಇದು ಗೇಟಿನ ಘಟನೆಗಿಂತ ಹೆಚ್ಚು ನೋಯಿಸುತ್ತದೆ. ಮನೆಯಲ್ಲಿ ಒಬ್ಬರನ್ನು ಒಂಟಿ ಮಾಡುವುದಕ್ಕೆ ಮಕ್ಕಳನ್ನು ತನ್ನ ಕಡೆ ನಿಲ್ಲಿಸಿಕೊಳ್ಳುವುದು ಎಂಥ ಪೆಟ್ಟು ಎಂದು ಅನುಭವಿಸಿದವರಿಗೆ ಗೊತ್ತು. ಬಾ ಆ ದಿನ ಚೆನ್ನಾಗಿ ವಾದ ಮಾಡಿದರು. ನಿಮಗೆ ಬೇಡ, ಮಕ್ಕಳಿಗೂ ಬೇಡ, ನಾಳೆ ಬರುವ ಸೊಸೆಯರಿಗೆ? ನನ್ನ ಒಡವೆಗಳನ್ನು ಮೊದಲೇ ಕಳೆದಿರಿ. ಇದು ನಿಮ್ಮ ಸೇವೆಗೆ ಬಂದದ್ದೆನ್ನುತ್ತೀರಿ, ಹಗಲೂ ರಾತ್ರಿ ನಿಮ್ಮ ಮನೆಯಲ್ಲಿ ಬಂದವರಿಗೆಲ್ಲ ಬೇಯಿಸಿ ಹಾಕಿದ್ದು ಸೇವೆಯಲ್ಲವೇ? ಸಾರಾಂಶ ಇದು. ಮನೆಗೆಲಸಕ್ಕೆ ಬೆಲೆ ಕಟ್ಟುವ ಮಾತು ಈಗ ಅರ್ಥಶಾಸ್ತ್ರಜ್ಞರ ಬಾಯಲ್ಲಿ ಕೇಳುತ್ತೇವೆ, ಅದನ್ನು ಓದು ಬರಹ ಹೆಚ್ಚು ಬಾರದ ಒಬ್ಬ ಹೆಣ್ಣುಮಗಳು 1901ರಲ್ಲೇ ಆಡಿದ್ದರು. ಮಾತುಗಳು ಚುಚ್ಚಿದವು ಎಂದು ಗಾಂಧಿ ಬರೆದರು. ಒಡವೆ ಮಾತ್ರ ಹೋಯಿತು.

1906ರಲ್ಲಿ ಬ್ರಹ್ಮಚರ್ಯದ ವ್ರತ. ಅದುವರೆಗೆ ಈ ಯೋಚನೆಯನ್ನು ಹೆಂಡತಿಯ ಜೊತೆ ಹಂಚಿಕೊಂಡಿರಲಿಲ್ಲ, ವ್ರತ ತೊಡುವಾಗ ಕೇಳಿದೆ, ಅವಳು ಆಕ್ಷೇಪಿಸಲಿಲ್ಲ ಎಂದಿದ್ದಾರೆ. ಸಹೋದ್ಯೋಗಿಗಳೊಂದಿಗೆ ಮೊದಲು ಚರ್ಚೆಯಾಗಿತ್ತು. ಮೂವತ್ತೇಳು ವರ್ಷದ ಹೆಂಗಸಿನ ದೇಹ, ಮನಸ್ಸು, ಎರಡಕ್ಕೂ ಸಂಬಂಧಪಟ್ಟ ನಿರ್ಧಾರದ ಬಗ್ಗೆ ಬಾ ಏನೆಂದುಕೊಂಡರು? ಆ ಒಂದು ವಾಕ್ಯದ ಆಚೆಗೆ ನಮಗೆ ಏನೂ ಸಿಗುವುದಿಲ್ಲ. "ಅವಳು ಯಾವತ್ತೂ ಬೇಡ ಅಂದಿದ್ದೇ ಇಲ್ಲವಲ್ಲ," ಎಂದ ಬ್ಯಾಂಕಿನವರ ಮಾತು ನನಗೆ ಇಲ್ಲಿ ಕೇಳಿಸುತ್ತದೆ.

ಇಷ್ಟನ್ನೇ ಹೇಳಿ ನಿಲ್ಲಿಸಿದರೆ ಅನ್ಯಾಯವಾಗುತ್ತದೆ. ಬಾ ಡರ್ಬನ್ನಿನಲ್ಲಿ ಶಸ್ತ್ರಚಿಕಿತ್ಸೆಯಾಗಿ ಸಾಯುವ ಸ್ಥಿತಿ ತಲುಪಿದಾಗ ದನದ ಮಾಂಸದ ಸಾರು ಕೊಡಲೇಬೇಕೆಂದು ಡಾಕ್ಟರು ಹಟ ಹಿಡಿದರು. ಆಗ ಗಾಂಧಿ ಕೇಳಿದರು. ನಾನು ಬೇಡವೆನ್ನುತ್ತೇನೆಂದು ನೀನು ಬೇಡವೆನ್ನಬೇಕಾಗಿಲ್ಲ ಎಂದೂ ತಿಳಿಸಿದರು. ಬಾ ಖಡಾಖಂಡಿತವಾಗಿ ಬೇಡವೆಂದರು. ಹಾಗಾದರೆ ಕರೆದುಕೊಂಡು ಹೋಗಿ ಎಂದರು ಡಾಕ್ಟರು. ಜಿನುಗುವ ಮಳೆಯಲ್ಲಿ, ಮೂಳೆ ಚಕ್ಕಳವಾಗಿದ್ದ ಹೆಂಡತಿಯನ್ನು ರಿಕ್ಷಾದಲ್ಲಿ, ರೈಲಿನಲ್ಲಿ ಕೂರಿಸಿಕೊಂಡು ಫೀನಿಕ್ಸ್ ಸ್ಟೇಷನ್ನಿಗೆ ತಂದರು. ಡರ್ಬನ್ನಿನಲ್ಲಿ ರೈಲು ಹತ್ತಿಸಲು ಪ್ಲಾಟ್‌ಫಾರಂ ಉದ್ದಕ್ಕೆ ಗಾಂಧಿಯವರೇ ಎತ್ತಿಕೊಂಡು ನಡೆದಿದ್ದರು. ಫೀನಿಕ್ಸಿನಲ್ಲಿ ಇಳಿದ ಮೇಲೆ ಆರು ಜನ ಜೋಲಿಯಲ್ಲಿ ಹೊತ್ತು ಆಶ್ರಮ ಮುಟ್ಟಿಸಿದರು. ದಾರಿಯಲ್ಲಿ ಗಂಡನಿಗೆ ಧೈರ್ಯ ಹೇಳಿದ್ದು ಬಾ. ಆಶ್ರಮದಲ್ಲಿ ಗಾಂಧಿ ತಾವೇ ನೀರಿನ ಚಿಕಿತ್ಸೆ ಮಾಡಿ ಆರೈಕೆ ಮಾಡಿದರು.

ಮುಂದೆ ಮತ್ತೆ ರಕ್ತಸ್ರಾವವಾದಾಗ ಉಪ್ಪು, ಬೇಳೆ ಬಿಡು ಎಂದರು ಗಾಂಧಿ. ನಿಮಗೇ ಹೇಳಿದರೆ ನೀವು ಬಿಡುತ್ತೀರಾ ಎಂದರು ಬಾ. ಎಲ್ಲ ಮನೆಗಳಲ್ಲೂ ಹೆಂಡತಿಯರು ಆಡುವ ಮಾತು. ಗಾಂಧಿ ತಕ್ಷಣ ಒಂದು ವರ್ಷ ಎರಡನ್ನೂ ಬಿಟ್ಟೆ ಎಂದರು. ಬಾ ಅತ್ತರು, ಬೇಡಿಕೊಂಡರು, ನಾನೇ ಬಿಡುತ್ತೇನೆ ನಿಮ್ಮ ಮಾತು ಹಿಂತೆಗೆದುಕೊಳ್ಳಿ ಎಂದರು. ಗಾಂಧಿ ಕೇಳಲಿಲ್ಲ. ಇದನ್ನು ಅವರು ಮನೆಯೊಳಗಿನ ಸತ್ಯಾಗ್ರಹವೆಂದು ಕರೆದು, ಬದುಕಿನ ಸಿಹಿ ನೆನಪುಗಳಲ್ಲಿ ಒಂದೆಂದು ಎಣಿಸಿದರು. ಬಾಗೂ ಅದು ಸಿಹಿ ನೆನಪಾಗಿತ್ತೇ ಎಂಬ ಬಗ್ಗೆ ನನಗೆ ಅನುಮಾನವಿದೆ. ಆಡಿದ ಒಂದು ಮಾತಿಗೆ ಗಂಡ ವರ್ಷಪೂರ್ತಿ ಉಪ್ಪಿಲ್ಲದೆ ಉಣ್ಣುವುದನ್ನು ನೋಡುತ್ತ ಬಡಿಸುವುದು ಸಣ್ಣ ಶಿಕ್ಷೆಯಲ್ಲ.

ಈಗ 1913ಕ್ಕೆ ಬರೋಣ. ತೀರ್ಪಿನ ವಿರುದ್ಧ ಹೆಂಗಸರೂ ಜೈಲಿಗೆ ಹೋಗಬೇಕೆಂದು ಗಾಂಧಿ ಯೋಚಿಸಿದರು. ಫೀನಿಕ್ಸಿನ ಬೇರೆ ಹೆಂಗಸರ ಜೊತೆ ಮಾತಾಡಿದರು, ಹೆಂಡತಿಯ ಜೊತೆ ಆಡಲಿಲ್ಲ. ಕಾರಣವನ್ನು ತಾವೇ ಕೊಟ್ಟಿದ್ದಾರೆ. ನಾನು ಕೇಳಿದರೆ ಅವಳು ಹೂಂ ಎನ್ನುತ್ತಾಳೆ, ಆ ಹೂಂಗೆ ಎಷ್ಟು ಬೆಲೆ ಕೊಡಬೇಕೆಂದು ನನಗೆ ತಿಳಿಯುವುದಿಲ್ಲ. ಇಂಥ ವಿಷಯದಲ್ಲಿ ಅವಳು ತಾನಾಗಿ ನಿರ್ಧರಿಸಬೇಕು ಎಂಬ ಭಾವ ಅದು. ಬಾ ಆ ಮಾತುಕತೆಯನ್ನು ಕೇಳಿಸಿಕೊಂಡು ಎದುರಿಗೆ ಬಂದು ನಿಂತರು. ನನಗೇಕೆ ಹೇಳಲಿಲ್ಲ, ನನ್ನಲ್ಲಿ ಏನು ಕೊರತೆಯಿದೆ ಎಂದು ಕೇಳಿದರು. ನೀವು ತಡೆದುಕೊಳ್ಳಬಲ್ಲಿರಿ, ಮಕ್ಕಳು ತಡೆದುಕೊಳ್ಳಬಲ್ಲರು, ನಾನೊಬ್ಬಳು ಆಗದವಳೇ ಎಂದರು. ಸೆಪ್ಟೆಂಬರಿನಲ್ಲಿ ಹದಿನಾರು ಜನರ ತಂಡದಲ್ಲಿ ಬಾ ಟ್ರಾನ್ಸ್‌ವಾಲ್ ಗಡಿ ದಾಟಿ ಬಂಧನಕ್ಕೊಳಗಾದರು. ಮೂರು ತಿಂಗಳ ಕಠಿಣ ಸಜೆ. ಮಾರಿಟ್ಸ್‌ಬರ್ಗ್ ಜೈಲಿನಿಂದ ಡಿಸೆಂಬರಿನಲ್ಲಿ ಹೊರಬಂದಾಗ ಎಲುಬಿನ ಗೂಡಾಗಿದ್ದರು.

ತಮ್ಮ ಮದುವೆಗೆ ಮಾನ್ಯತೆ ಬೇಕೆಂದು ಈ ಹೆಣ್ಣುಮಗಳು ಜೈಲಿಗೆ ಹೋದರು. ಅದೇ ಮದುವೆಯೊಳಗೆ ಅವರು ಪಟ್ಟದ್ದನ್ನೆಲ್ಲ ನಾವು ನೋಡಿದೆವು. ಹಾಗಿದ್ದೂ ಹೋದರು, ಯಾರೂ ಕಳಿಸದೆ ಹೋದರು. ಗೇಟಿನಿಂದ ಇಲ್ಲಿಯವರೆಗೆ ಹದಿನೈದು ವರ್ಷ. ಆ ಹದಿನೈದು ವರ್ಷದಲ್ಲಿ ಗಾಂಧಿ ಒಂದು ಮುಖ್ಯವಾದದ್ದನ್ನು ಕಲಿತಿದ್ದರು: ಹೆಂಡತಿಯ ಹೂಂ ಎಂಬುದನ್ನು ಕಣ್ಣು ಮುಚ್ಚಿ ನಂಬಬಾರದು ಎಂಬುದನ್ನು.

ಕಲಿತದ್ದು ಹಾಗೆಯೇ ಉಳಿಯಿತು ಎನ್ನಲಾರೆ. 1915ರಲ್ಲಿ ಅಹಮದಾಬಾದಿನ ಕೋಚರಬ್ ಆಶ್ರಮಕ್ಕೆ ದೂದಾಭಾಯಿ, ದಾನಿಬೆನ್ ಎಂಬ ದಲಿತ ದಂಪತಿ, ಎಳೆ ಮಗು ಲಕ್ಷ್ಮಿಯೊಂದಿಗೆ ಬಂದರು. ಬಾ ವಿರೋಧಿಸಿದರು. ಇಷ್ಟವಿಲ್ಲದಿದ್ದರೆ ನೀನು ಬೇರೆ ಹೋಗಬಹುದು ಎಂದರು ಗಾಂಧಿ. ಈ ಸಲ ಕೈ ಹಿಡಿದು ಎಳೆಯಲಿಲ್ಲ ಎಂಬುದಷ್ಟೇ ವ್ಯತ್ಯಾಸ. ಬಾ ಹೋಗಲಿಲ್ಲ, ಅದೇ ಲಕ್ಷ್ಮಿ ಮುಂದೆ ಆ ಮನೆಯ ಮಗಳಾಗಿ ಬೆಳೆದಳು. 1929ರಲ್ಲಿ ಬಂದವರಾರೋ ಕೊಟ್ಟ ನಾಲ್ಕು ರೂಪಾಯಿಯನ್ನು ಬಾ ಆಶ್ರಮದ ಕಚೇರಿಗೆ ಒಪ್ಪಿಸದೆ ಇಟ್ಟುಕೊಂಡಿದ್ದರು. ಗಾಂಧಿ ಅದನ್ನು ‘ನವಜೀವನ’ ಪತ್ರಿಕೆಯಲ್ಲಿ ಊರಿಗೆಲ್ಲ ತಿಳಿಯುವಂತೆ ಬರೆದರು. ಅರವತ್ತು ವರ್ಷದ ಹೆಂಗಸು, ಮೊಮ್ಮಕ್ಕಳಿರುವವರು. ಆ ವಾರದ ಪತ್ರಿಕೆ ಆಶ್ರಮದಲ್ಲಿ ಕೈಯಿಂದ ಕೈಗೆ ಹೋಗುವಾಗ ಬಾ ಅಡುಗೆಮನೆಯಲ್ಲಿ ಹೇಗೆ ತಲೆಯೆತ್ತಿ ಓಡಾಡಿದರೋ ಎಂದು ನನಗೆ ಇವತ್ತಿಗೂ ಸಂಕಟವಾಗುತ್ತದೆ. ನಾಲ್ಕು ರೂಪಾಯಿಯ ತಪ್ಪಿಗೆ ಅಷ್ಟು ದೊಡ್ಡ ಜಗಲಿಯ ಮೇಲೆ ನಿಲ್ಲಿಸಬೇಕಿರಲಿಲ್ಲ.

ಹಿರಿಯ ಮಗ ಹರಿಲಾಲನದು ಇದಕ್ಕಿಂತ ಆಳದ ಗಾಯ. ತನಗೆ ಇಂಗ್ಲೆಂಡಿನಲ್ಲಿ ಓದುವ ಅವಕಾಶ ಸಿಕ್ಕೀತೆಂದು ಕಾದಿದ್ದ ಮಗ. ಆ ಅವಕಾಶವನ್ನು ಬೇರೆಯವರಿಗೆ ಕೊಟ್ಟ ತಂದೆ. 1911ರಲ್ಲಿ ಹರಿಲಾಲ ಮನೆ ಬಿಟ್ಟ. ಹೆಂಡತಿ ತೀರಿಕೊಂಡ ಮೇಲೆ ಕುಡಿತಕ್ಕೆ ಬಿದ್ದ. ಗಂಡನೂ ಮಗನೂ ಎದುರು ಬದುರಾದ ಮನೆಯಲ್ಲಿ ತಾಯಿಗೆ ಯಾವ ಕಡೆಗೂ ಬಾಗಿಲಿರುವುದಿಲ್ಲ. ಕಟ್ನಿ ಸ್ಟೇಷನ್ನಿನ ಪ್ರಸಂಗವನ್ನು ಗಾಂಧಿ ಬಳಗದವರು ಹೇಳುತ್ತಿದ್ದರು. ರೈಲು ನಿಂತಾಗ ಎಲ್ಲರೂ ಗಾಂಧಿಗೆ ಜೈ ಎನ್ನುತ್ತಿರುವಾಗ ಒಬ್ಬ ಮಾತ್ರ ಕಸ್ತೂರಬಾಗೆ ಜೈ ಎಂದು ಕೂಗಿದ. ಹಲ್ಲುದುರಿ, ಬಟ್ಟೆ ಹರಿದುಕೊಂಡಿದ್ದ ಹರಿಲಾಲ. ಜೇಬಿನಿಂದ ಒಂದು ಕಿತ್ತಳೆ ತೆಗೆದು, ಇದು ನಿನಗೆ ಎಂದು ತಾಯಿಗೆ ಕೊಟ್ಟ. ನನಗೇನು ತಂದೆ ಎಂದರು ತಂದೆ. ನಿಮಗಿಲ್ಲ, ನೀವು ದೊಡ್ಡವರಾಗಿದ್ದು ಬಾ ಇದ್ದುದರಿಂದ ಎಂದ. ತಾಯಿ ತಾವೇ ತಿನ್ನಬೇಕೆಂದು ಹಟ ಮಾಡಿದ. ರೈಲು ಹೊರಟ ಮೇಲೆ ಬಾಗೆ ನೆನಪಾಯಿತಂತೆ, ಬುಟ್ಟಿಯಲ್ಲಿ ಹಣ್ಣಿತ್ತು, ಅವನಿಗೆ ಏನೂ ಕೊಡಲಿಲ್ಲವಲ್ಲ ಎಂದು.

ಇನ್ನು ದೇವಸ್ಥಾನದ ವಿಷಯ. 1938ರ ಮಾರ್ಚಿನಲ್ಲಿ ಒರಿಸ್ಸಾದ ದೆಲಾಂಗ್ ಎಂಬಲ್ಲಿ ಗಾಂಧಿ ಸೇವಾ ಸಂಘದ ಸಭೆ. ಹತ್ತಿರವೇ ಪುರಿ. ಹರಿಜನರಿಗೆ ಪ್ರವೇಶವಿಲ್ಲದ ಗುಡಿಗೆ ತಾವೂ ಹೋಗುವುದಿಲ್ಲ ಎಂಬುದು ಗಾಂಧಿಯವರ ನಿಲುವು. ಬಾ, ಗಾಂಧಿಯವರ ಕಾರ್ಯದರ್ಶಿ ಮಹದೇವ ದೇಸಾಯಿಯವರ ಹೆಂಡತಿ ದುರ್ಗಾಬೆನ್ ಮುಂತಾದವರು ಪುರಿಗೆ ಹೋದವರು ಜಗನ್ನಾಥನ ಗುಡಿಯೊಳಗೂ ಹೋಗಿ ಬಂದುಬಿಟ್ಟರು. ಗಾಂಧಿಯವರ ರಕ್ತದೊತ್ತಡ ಏರಿತು. ಮಹದೇವ ದೇಸಾಯಿಯವರು ನೊಂದು, ಕೆಲಸ ಬಿಟ್ಟು ಹೋಗುತ್ತೇನೆ ಎನ್ನುವವರೆಗೆ ಹೋಯಿತು. ತತ್ತ್ವದಲ್ಲಿ ಇಲ್ಲಿಯೂ ಗಾಂಧಿಯವರೇ ಸರಿ. ಬಾ ತಪ್ಪೊಪ್ಪಿಕೊಂಡರು. ಆದರೆ ನನ್ನ ಕಣ್ಣಿಗೆ ಕಾಣುವುದು ಬೇರೆ. ಹದಿಮೂರರ ಹುಡುಗಿ ಗಂಡ ಬೇಡವೆಂದರೂ ದೇವರ ದರ್ಶನಕ್ಕೆ ಹೋಗುತ್ತಿದ್ದಳು. ಐವತ್ತೈದು ವರ್ಷ ಅಂಥ ಗಂಡನ ಜೊತೆ ಬಾಳಿದ ಮೇಲೂ, ಎಪ್ಪತ್ತರ ಹೊಸ್ತಿಲಲ್ಲಿ, ಅದೇ ಹೆಣ್ಣು ಹಾಗೆಯೇ ದರ್ಶನಕ್ಕೆ ಹೋದಳು.

1942ರ ಆಗಸ್ಟಿನಲ್ಲಿ ಇಬ್ಬರೂ ಪುಣೆಯ ಆಗಾ ಖಾನ್ ಅರಮನೆಯಲ್ಲಿ ಸೆರೆಯಾದರು. ಬಂದ ಒಂದು ವಾರದಲ್ಲೇ ಮಗನಂತಿದ್ದ ಮಹದೇವ ದೇಸಾಯಿ ತೀರಿಕೊಂಡರು. ಹೊರಗೆ ದೇಶ ಹೊತ್ತಿ ಉರಿಯುತ್ತಿತ್ತು. ಒಳಗೆ, ಮದುವೆಯಾದ ಹೊಸದರಲ್ಲಿ ಕೈಗೂಡದ ಒಂದು ಕೆಲಸವನ್ನು ಗಾಂಧಿ ಮತ್ತೆ ಕೈಗೆತ್ತಿಕೊಂಡರು: ಹೆಂಡತಿಗೆ ಪಾಠ ಹೇಳುವುದು. ಗುಜರಾತಿ ಓದು, ಸ್ವಲ್ಪ ಭೂಗೋಳ. ಕಿತ್ತಳೆಯನ್ನು ಭೂಮಿ ಮಾಡಿ ರೇಖೆಗಳನ್ನು ತೋರಿಸುವರು. ಬಾ ಇವತ್ತು ಕಲಿತದ್ದನ್ನು ನಾಳೆ ಮರೆಯುವರು, ಪ್ರಾಂತ್ಯಗಳ ರಾಜಧಾನಿಗಳು ಅದಲು ಬದಲಾಗುವವು. ಜೊತೆಗಿದ್ದ ಡಾಕ್ಟರ್ ಸುಶೀಲಾ ನಯ್ಯರ್ ಇದನ್ನೆಲ್ಲ ಬರೆದಿಟ್ಟಿದ್ದಾರೆ. ಸಂಜೆ ಬಾ ಕೇರಂ ಆಡುತ್ತಿದ್ದರು, ಗೆದ್ದರೆ ಖುಷಿಯಾಗುತ್ತಿತ್ತು. ಗಂಡನಿಗೆ ಹೇಳಿಕೊಡುವ ಹುಮ್ಮಸ್ಸು, ಹೆಂಡತಿಗೆ ಆಟದ ಹುಮ್ಮಸ್ಸು. ಅರವತ್ತು ವರ್ಷದ ನಂತರವೂ ಒಬ್ಬರು ಇನ್ನೊಬ್ಬರಂ‍ತಾಗಿರಲಿಲ್ಲ.

ಕಡೆಯ ಕಾಯಿಲೆಯಲ್ಲೂ ಬಾ ತಮಗೆ ಬೇಕಾದ್ದನ್ನು ಕೇಳಿದರು. ಆಯುರ್ವೇದದ ವೈದ್ಯರು ಬೇಕೆಂದರು. ಗಾಂಧಿ ಅದಕ್ಕಾಗಿ ಸರ್ಕಾರಕ್ಕೆ ಪತ್ರದ ಮೇಲೆ ಪತ್ರ ಬರೆದರು. ಕೊನೆಯ ದಿನ ಕಿರಿಯ ಮಗ ದೇವದಾಸ ಕಲ್ಕತ್ತದಿಂದ ವಿಮಾನದಲ್ಲಿ ಪೆನಿಸಿಲಿನ್ ತರಿಸಿದರು. ಕೆಲವು ಗಂಟೆಗೊಮ್ಮೆ ಸೂಜಿ ಚುಚ್ಚಬೇಕೆಂದು ತಿಳಿದಾಗ ಗಾಂಧಿ ಬೇಡವೆಂದರು. ತಂದೆಗೂ ಮಗನಿಗೂ ವಾದವಾಯಿತು. 1944ರ ಫೆಬ್ರವರಿ 22, ಶಿವರಾತ್ರಿಯ ಸಂಜೆ, ಬಾ ಗಾಂಧಿಯವರ ಮಡಿಲಲ್ಲಿ ಪ್ರಾಣ ಬಿಟ್ಟರು.

ಮುಂದಿನ ತಿಂಗಳು ವೈಸರಾಯ್ ವೇವೆಲ್‌ರಿಗೆ ಬರೆದ ಪತ್ರದಲ್ಲಿ ಗಾಂಧಿ ಹೆಂಡತಿಯ ಬಗ್ಗೆ ಎರಡು ಮಾತು ಹೇಳಿದರು. ನಾನು ಬಯಸದಿದ್ದರೂ ಅವಳು ನನ್ನಲ್ಲಿ ತನ್ನನ್ನು ಕಳೆದುಕೊಂಡಳು ಎಂಬುದು ಒಂದು. ಅವಳ ಗಟ್ಟಿ ಮನಸ್ಸನ್ನು ನಾನು ಮೊದಲು ಮೊಂಡುತನವೆಂದು ತಿಳಿದಿದ್ದೆ, ಅದರಿಂದಲೇ ಅವಳು ತನಗೆ ಗೊತ್ತಿಲ್ಲದೆ ನನಗೆ ಅಹಿಂಸಾತ್ಮಕ ಅಸಹಕಾರದ ಗುರುವಾದಳು ಎಂಬುದು ಇನ್ನೊಂದು. ಎರಡನೆಯದು ದೊಡ್ಡ ಮಾತು, ಒಪ್ಪುತ್ತೇನೆ. ಮೊದಲನೆಯದನ್ನು ಒಪ್ಪುವುದು ನನಗೆ ಸಾಧ್ಯವಾಗಿಲ್ಲ. ತನ್ನನ್ನು ಕಳೆದುಕೊಂಡವರು ಪುರಿಯ ಗುಡಿಗೆ ಹೋಗುವುದಿಲ್ಲ, ನನ್ನಲ್ಲೇನು ಕೊರತೆ ಎಂದು ಎದುರು ನಿಂತು ಕೇಳುವುದಿಲ್ಲ. ಬಾ ಕೊನೆಯವರೆಗೂ ಬಾ ಆಗಿಯೇ ಇದ್ದರು. ಆ ಸಂಸಾರಕ್ಕೆ ಜೀವವಿದ್ದದ್ದು ಅದರಿಂದ ಎಂದು ನನ್ನ ನಂಬಿಕೆ.

ಬ್ಯಾಂಕಿನ ದಂಪತಿ ಏನಾದರು ಎಂದು ನೀವು ಕೇಳಬಹುದು. ಅಡ್ವಾನ್ಸು ವಾಪಸಾಯಿತು. ಗಂಡ ತಿಂಗಳಲ್ಲಿ ಹೆಚ್ಚು ದಿನ ತೋಟದಲ್ಲಿರುತ್ತಾರೆ, ಹೆಂಡತಿ ಇಲ್ಲಿ ಇರುತ್ತಾರೆ. ಮಾವಿನಕಾಯಿ ಕಾಲಕ್ಕೆ ಉಪ್ಪಿನಕಾಯಿ ಹಾಕಲು ಇವರೇ ಊರಿಗೆ ಹೋಗುತ್ತಾರೆ. ನೆಂಟರು ಏನೇನೋ ಮಾತಾಡಿಕೊಂಡರು. ಆಡಿಕೊಳ್ಳಲಿ.

ಗಾಂಧಿಯವರ ಬರಹ ಇಂಗ್ಲಿಷಿನಲ್ಲಿ ನೂರು ಸಂಪುಟ. ಬಾ ಕಡೆಯಿಂದ ನಮಗೆ ಸಿಕ್ಕಿರುವುದು ತೀರಾ ಕಡಿಮೆ. 1933ರ ಕೆಲವು ತಿಂಗಳ ಒಂದು ದಿನಚರಿಯನ್ನು ಮರಿಮೊಮ್ಮಗ ತುಷಾರ್ ಗಾಂಧಿ 2022ರಲ್ಲಿ ಪ್ರಕಟಿಸಿದ್ದಾರೆ. ಮಿಕ್ಕಂತೆ ಬಾ ಆಡಿದ ಮಾತೆಲ್ಲ ಉಳಿದಿರುವುದು ಗಂಡನ ಬರವಣಿಗೆಯಲ್ಲಿ. ತಮ್ಮ ಮಾನ ಹೋಗುವಂಥ ಮಾತುಗಳನ್ನೂ ಅವರು ಬಿಡದೆ ಬರೆದರು, ಅದಕ್ಕೆ ಕೃತಜ್ಞತೆ ಹೇಳಲೇಬೇಕು. ಗೊರೂರು ರಾಮಸ್ವಾಮಿ ಅಯ್ಯಂಗಾರರು ಕನ್ನಡಕ್ಕೆ ತಂದ ಗಾಂಧಿ ಆತ್ಮಕಥೆ ನಿಮ್ಮ ಮನೆಯಲ್ಲಿದ್ದರೆ, ಇಲ್ಲದಿದ್ದರೆ ಗ್ರಂಥಾಲಯದಿಂದ ತಂದು, ನಾಲ್ಕನೆಯ ಭಾಗದಲ್ಲಿ ಬರುವ ಆ ಡರ್ಬನ್ ಮನೆಯ ಅಧ್ಯಾಯವನ್ನು ತೆಗೆಯಿರಿ. ಊಟ ಮುಗಿದ ಮೇಲೆ ಟಿವಿ ಆರಿಸಿ, ಗಂಡ ಹೆಂಡತಿ ಕೂತು ಗಟ್ಟಿಯಾಗಿ ಓದಿ. ನಾಲ್ಕೇ ಪುಟ. ಗಾಂಧಿಯವರ ಮಾತುಗಳನ್ನು ಹೆಂಡತಿ ಓದಲಿ, ಬಾ ಮಾತುಗಳನ್ನು ಗಂಡ ಓದಲಿ.